ಬರೆದದ್ದನ್ನು ಹೇಳದ ಸುಂದರಣ್ಣ

ಧಾರಾವಾಹಿಗೆ ಸಂಭಾಷಣೆ ಬರೆಯುವುದೂ ಚೈತಾಲಿಯೇ, ನಟರನ್ನು ಹುಡುಕಿ ತರುವುದೂ ಅವಳೇ. ಉಡುಪಿಯ ಸಣ್ಣ ತಂಡಗಳ ಹಣೆಬರಹವೇ ಅಷ್ಟು. ಹಾಗಾಗಿ ಮಲ್ಪೆಯ ಐಸ್ ಪ್ಲಾಂಟಿನಲ್ಲಿ ಆ ದಿನ ಶೂಟಿಂಗ್ ಎಡವಟ್ಟಾದಾಗ ಬೈಸಿಕೊಳ್ಳಲು ಬೇರೆ ಯಾರೂ ಸಿಗಲಿಲ್ಲ.

ಎಡವಟ್ಟು ಸುಂದರಣ್ಣನದು. ಅವರು ಕಾರ್ಕಳದ ಕಡೆಯ ಹೆಸರಾಂತ ತಾಳಮದ್ದಳೆ ಅರ್ಥಧಾರಿ. ಭಾಗವತರು ಪದ್ಯ ಹಾಡಿದರೆ ಸಾಕು, ಅಲ್ಲೇ ಹೊಳೆದ ಮಾತನ್ನು ಗಂಟೆಗಟ್ಟಲೆ ಆಡಬಲ್ಲವರು. ಬರೆದುಕೊಟ್ಟ ಮಾತನ್ನು ಅಂಥವರು ಗಿಣಿಪಾಠದಂತೆ ಒಪ್ಪಿಸುತ್ತಾರೆಂದು ನಂಬಿದ ಚೈತಾಲಿಗೆ ಏನನ್ನೋಣ!

ದೃಶ್ಯ ಸರಳ. ಐಸ್ ಪ್ಲಾಂಟನ್ನು ಮಗಳಿಗೆ ವಹಿಸಲೊಲ್ಲದ ಅಪ್ಪ ಕೊನೆಗೂ ಬೀಗದ ಕೈ ಕೊಡಬೇಕು. ಸುಂದರಣ್ಣ ಪ್ರತಿ ಟೇಕಿಗೂ ಹೊಸ ಮಾತು ಆಡಿದರು, ಒಂದಕ್ಕಿಂತ ಒಂದು ಚಂದ. ಮಗಳ ಪಾತ್ರದ ಶಹನಾಝ್ ಮಾತ್ರ ತನ್ನ ಸರದಿ ಯಾವಾಗೆಂದು ತಿಳಿಯದೆ ಬಾಯಿ ತೆರೆದು ಮುಚ್ಚುತ್ತಿದ್ದಳು.

"ಇನ್ನೊಂದೇ ಟೇಕ್," ಎಂದ ನಿರ್ದೇಶಕ ಜಿತೇಂದ್ರ. "ಆಗದಿದ್ದರೆ ನಾಳೆಗೆ ಬೇರೆ ಅಪ್ಪ. ಬೇರೆ ರೈಟರ್ ಕೂಡ."

ಇದು ಚೈತಾಲಿಯ ಮೊದಲ ಧಾರಾವಾಹಿ. ಅವಳು ಸುಂದರಣ್ಣನ ಕೈಯಿಂದ ಹಾಳೆ ಕಿತ್ತುಕೊಂಡಳು.

"ಇದು ಬೇಡ ಸುಂದರಣ್ಣ. ಭಾಗವತರು ಮುಂದಿನ ಪದ್ಯ ಎತ್ತಬೇಕಾದರೆ ನೀವು ಎಂತ ಮಾಡುವುದು?"

"ಅವರಿಗೆ ಬೇಕಾದ ಮಾತಿಗೆ ತಂದು ನಿಲ್ಲಿಸುವುದು. ಇಲ್ಲದಿದ್ದರೆ ಅವರು ಹಾಡುವುದು ಹೇಗೆ ಮಾರಾಯ್ತಿ?"

"ಶಹನಾಝೇ ನಿಮ್ಮ ಭಾಗವತರು. ಮೊದಲು ಏನು ಬೇಕಾದರೂ ಹೇಳಿ. ನಿಲ್ಲಿಸುವುದು ಮಾತ್ರ ನಾನು ಬರೆದ ಕೊನೆಯ ಮಾತಿಗೆ."

"ಹಾಗೆ ಮೊದಲೇ ಹೇಳಬೇಕಿತ್ತಲ್ವಾ?"

ಕ್ಯಾಮೆರಾ ಓಡಿತು. ಸುಂದರಣ್ಣ ದೋಣಿಗಳಿಂದ ಶುರುಮಾಡಿ, ಮಗಳಿಗೆ ಜ್ವರ ಬಂದಾಗ ಇದೇ ಐಸನ್ನು ಬಟ್ಟೆಯಲ್ಲಿ ಕಟ್ಟಿ ಹಣೆಗೆ ಒತ್ತಿದ್ದನ್ನು ಹೇಳಿದರು. ಚೈತಾಲಿಗೆ ಹೊಟ್ಟೆಕಿಚ್ಚಾಯಿತು. ಅದು ತನಗೇಕೆ ಹೊಳೆಯಲಿಲ್ಲ? ಆಮೇಲೆ ಅವರು ಬೀಗದ ಕೈಯನ್ನು ಮಗಳ ಅಂಗೈಯಲ್ಲಿಟ್ಟರು.

"ನಾಳೆ ಬೆಳಿಗ್ಗೆ ಬಾಗಿಲು ನೀನೇ ತೆಗಿ. ನಾನು ಸ್ವಲ್ಪ ತಡವಾಗಿ ಏಳುತ್ತೇನೆ."

ಚೈತಾಲಿ ಬರೆದ ಆ ಕೊನೆಯ ಮಾತಿಗೇ ತಂದು ನಿಲ್ಲಿಸಿದರು. ಶಹನಾಝ್ ಗ್ಲಿಸರಿನ್ ಇಲ್ಲದೆಯೇ ಅತ್ತಳು, ಅಳುತ್ತಲೇ ತನ್ನ ಮಾತನ್ನೂ ಹೇಳಿದಳು. ಜಿತೇಂದ್ರ "ಕಟ್" ಎನ್ನುವುದನ್ನೇ ಮರೆತು, ಕೊನೆಗೆ ಸುಂದರಣ್ಣ, ಚೈತಾಲಿಯರತ್ತ ತಿರುಗಿ "ನಾಳೆ ಇಬ್ಬರೂ ಬೇಗ ಬನ್ನಿ," ಎಂದ.

ಚಹಾದ ಹೊತ್ತಿಗೆ ಸುಂದರಣ್ಣ ಚೈತಾಲಿಯ ಪಕ್ಕಕ್ಕೆ ಬಂದರು. "ಆ ಕೊನೆಯ ಮಾತಿನ ಮೇಲೆ ನನ್ನದೂ ಒಂದು ಸೇರಿಸುವ ಅಂತ ನೋಡಿದೆ ಮಗಾ."

"ಮತ್ತೆ?"

"ಜಾಗವೇ ಇರಲಿಲ್ಲ."

ಚೈತಾಲಿಗೆ ಕುಣಿಯಬೇಕೆನಿಸಿತು. ಐಸ್ ಪ್ಲಾಂಟಿನ ನೆಲ ಜಾರುತ್ತದೆಂದು ಸುಮ್ಮನಿದ್ದಳು.