ನಮ್ಮದು ಅಂದರೆ ಯಾರದು?

ಮೇ ತಿಂಗಳು ಬಂತೆಂದರೆ ಡ್ರಮ್‌ಬ್ವೀ ಊರು ಖಾಲಿ. ದನಕರು, ಕಡೆಗೋಲು, ಕಂಬಳಿ, ಮಕ್ಕಳುಮರಿ ಎಲ್ಲವೂ ಗುಡ್ಡ ಹತ್ತುತ್ತವೆ. ಮೇಲಿನ ಹುಲ್ಲುಗಾವಲಲ್ಲಿ ಗುಡಿಸಲು ಹಾಕಿಕೊಂಡು, ಬೇಸಿಗೆಯಿಡೀ ಬೆಣ್ಣೆ ತೆಗೆದು, ಕೆಳಗೆ ಓಟ್ಸ್ ಪೈರು ಕೊಯ್ಲಿಗೆ ಬರುವ ಹೊತ್ತಿಗೆ ಇಳಿಯುತ್ತಾರೆ. ಆ ವರ್ಷ ಗೊರ್ಮ್ಲಾ ಹೋಗಲಿಲ್ಲ. ಅರವತ್ತು ದಾಟಿದ ವಿಧವೆ; ಮಂಡಿ ಹಿಡಿದುಕೊಂಡಿತ್ತು. ಪೈರು ಕಾಯಲು ಒಬ್ಬರು ಬೇಕಲ್ಲ ಎಂದು ನೆಪ ಹೇಳಿದಳು. ವಾರಗಿತ್ತಿ ಸೈವ್ ಬಿಡುವವಳೇ?

"ಪೈರು ಕಾಯ್ತಾಳಂತೆ! ಕೂತಲ್ಲಿಂದ್ಲೇ ಬೈದು ಕಾಗೆ ಓಡಿಸ್ತಾಳೆ. ಆ ಬಾಯಿಗೆ ಕಾಗೆ ಏನು, ಇಂಗ್ಲಿಷರ ಸಿಪಾಯೀನೂ ನಿಲ್ಲಕ್ಕಿಲ್ಲ."

"ಹೋಗೇ, ಹೋಗು. ನೀನು ಗುಡ್ಡ ಹತ್ತಿದ್ರೆ ಊರಿಗೆ ಮೂರು ತಿಂಗಳು ನಿದ್ದೆ."

ನಲವತ್ತು ವರ್ಷದಿಂದ ಇದೇ. ಒಂದೇ ಮನೆಗೆ ಸೊಸೆಯರಾಗಿ ಬಂದವರು. ಗಂಡಂದಿರು ಸತ್ತರು, ಊರಿನ ದೊರೆ ಹಡಗು ಹತ್ತಿ ದೇಶ ಬಿಟ್ಟುಹೋದ, ಇವರಿಬ್ಬರ ಜಗಳ ಮಾತ್ರ ಒಂದು ದಿನವೂ ತಪ್ಪಲಿಲ್ಲ. ಅವರು ಜಗಳವಾಡದ ದಿನ ಊರವರು ಬಂದು ಯಾರಿಗೆ ಹುಷಾರಿಲ್ಲ ಎಂದು ವಿಚಾರಿಸುತ್ತಿದ್ದರು.

ಜುಲೈನಲ್ಲಿ ಒಂದು ಮಧ್ಯಾಹ್ನ ಗೊರ್ಮ್ಲಾ ಬಾಗಿಲಲ್ಲಿ ಕೂತು ಉಣ್ಣೆ ಹಿಂಜುತ್ತಿದ್ದಾಗ ಇಂಗ್ಲಿಷರ ಕೋಟೆಯ ಕಡೆಯಿಂದ ಕುದುರೆಗಳು ಬಂದವು. ನಾಲ್ವರು ಸಿಪಾಯಿಗಳು, ಸರಪಳಿ ಹಿಡಿದು ನೆಲ ಅಳೆಯುವ ಪಿಲ್ಬರೊ ಎಂಬ ಇಂಗ್ಲಿಷಿನವನು, ಅವನ ಮಾತು ತಿಳಿಸಿ ಹೇಳಲು ಲಾಕ್ಲಿನ್. ಲಾಕ್ಲಿನ್‌ನನ್ನು ಕಂಡು ಅವಳ ಜೀವ ತಣ್ಣಗಾಯಿತು. ಐದು ವರ್ಷದವನಿದ್ದಾಗ ಅವಳ ತವರಿಗೆ ಸಾಕಲು ಕೊಟ್ಟ ಹುಡುಗ ಅವನು. ನಮ್ಮಲ್ಲಿ ಒಡಹುಟ್ಟಿದವನು ಕೈಬಿಟ್ಟಾನು, ಸಾಕುತಮ್ಮ ಬಿಡುವುದಿಲ್ಲ.

ಪಿಲ್ಬರೊ ಕೆಟ್ಟವನೇನಲ್ಲ. ಗುಡ್ಡದಿಂದ ಬಂದಿದ್ದ ಮಜ್ಜಿಗೆ ಕೊಟ್ಟರೆ ಕುಡಿದ, ತಲೆಬಾಗಿಸಿ ಲೋಟ ಹಿಂದಿರುಗಿಸಿದ. ಆಮೇಲೆ ಹನ್ನೆರಡು ಮನೆಗಳನ್ನೂ ಒಂದು ಸುತ್ತು ಹಾಕಿ ಬಂದ. ದನವಿಲ್ಲ, ಜನವಿಲ್ಲ, ಒಲೆಯಲ್ಲಿ ಬೂದಿ. ಮೊಣಕಾಲ ಮೇಲೆ ಪುಸ್ತಕ ಬಿಚ್ಚಿದ.

"ಅಕ್ಕಾ," ಎಂದ ಲಾಕ್ಲಿನ್, "ಪಾಳು ಅಂತ ಬರೀತಾವ್ನೆ. ಪಾಳು ನೆಲ ರಾಜನಿಗೆ. ರಾಜ ಅದನ್ನ ಸಮುದ್ರದಾಚೆಯೋರಿಗೆ ಹಂಚ್ತಾನೆ."

"ಪಾಳಾ? ಮೂವತ್ತೊಂದು ಜನ ಗುಡ್ಡದ ಮೇಲವ್ರೆ ಅಂತ ಹೇಳೋ! ಇಲ್ಲಿ ಕೂತಿರೋ ನಾನೇನು ದೆವ್ವನಾ?"

ಅವನು ಹೇಳಿದ. ಪಿಲ್ಬರೊ ಲೇಖನಿ ಎತ್ತಿ ಹಿಡಿದು ಏನೋ ಕೇಳಿದ.

"ಹಂಗಾದ್ರೆ ಈ ನೆಲ ಯಾರದು ಅಂತಾನೆ."

"ನಮ್ದು."

"ನಮ್ದು ಅಂದ್ರೆ ಯಾರದು ಅಂತಾನೆ."

"ನಮ್ದು ಅಂದ್ರೆ ನಮ್ದೇ ಕಣೋ. ಈ ವರ್ಷ ತೊರೆ ಪಕ್ಕದ ಹೊಲ ನನ್ನ ಹತ್ರ ಐತೆ. ಬರೋ ವರ್ಷ ಕಡ್ಡಿ ಎತ್ತಿದಾಗ ಯಾರಿಗೆ ಬರ್ತದೋ ಅವರ ಹತ್ರ. ನಿಂಗೊತ್ತಿಲ್ವಾ?"

ಲಾಕ್ಲಿನ್‌ಗೆ ಗೊತ್ತಿತ್ತು. ಹೇಳುವುದು ಹೇಗೆಂದು ಗೊತ್ತಿರಲಿಲ್ಲ. ನಮ್ಮ ಮಾತಿನಲ್ಲಿ ನೆಲ ಒಬ್ಬರ ಹತ್ತಿರ ಇರುತ್ತದೆ, ಅಷ್ಟೇ. ಹತ್ತಿರ ಇದ್ದದ್ದು ಎದ್ದು ಇನ್ನೊಬ್ಬರ ಹತ್ತಿರ ಹೋಗಬಹುದು. ಆ ಪುಸ್ತಕದವರ ಮಾತಿನಲ್ಲಿ ನೆಲಕ್ಕೆ ಹಿಡಿದುಕೊಂಡ ಕೈ ಬೇಕು, ಅದೂ ಒಂದೇ ಕೈ.

"ಪುಸ್ತಕದಲ್ಲಿ ಊರಿಗೆ ಗೆರೆ ಒಂದೇ ಐತೆ ಅಕ್ಕಾ. ಒಂದು ಹೆಸರು ಹಿಡಿಸ್ತದೆ."

"ಫೆರ್ಡೊರಾ ಹೆಸರು ಹಾಕ್ಸು. ಊರಿಗೇ ಹಿರಿಯ."

"ಎದುರಿಗಿರೋರೇ ಆಗ್ಬೇಕಂತೆ. ನಂದು ಅಂದ್ಬಿಡು. ಒಂದು ಮಾತು."

ಒಂದು ಮಾತಂತೆ! ಹೇಳುವವನಿಗೇನು. ಮಡಕೆಗೆ ನಂದು ಎನ್ನಬಹುದು, ಹಸುವಿಗೆ ಎನ್ನಬಹುದು. ಹೊಲಕ್ಕೆ ಆ ಮಾತು ಅಂದವರನ್ನು ಗೊರ್ಮ್ಲಾ ಹುಟ್ಟಿದಾಗಿನಿಂದ ಕಂಡಿರಲಿಲ್ಲ. ಅಂಥವರಿಗೆ ಊರಿನಲ್ಲಿ ಇದ್ದ ಹೆಸರು ಕಳ್ಳ. ಆದರೆ ಬೆಣ್ಣೆ ಹೊತ್ತು ಇಳಿದುಬಂದ ಸೈವ್ ತನ್ನ ಬಾಗಿಲಲ್ಲಿ ಬೇರೆ ಯಾರನ್ನೋ ಕಾಣುವುದು ಅವಳ ಕಣ್ಣಿಗೆ ಕಟ್ಟಿತು.

"ನಂದು," ಎಂದಳು, ನೆಲ ನೋಡುತ್ತಾ.

ಪಿಲ್ಬರೊ ಬರೆದುಕೊಂಡ. ಲಾಕ್ಲಿನ್ ಹೊರಡುವಾಗ ಅವಳ ಕೈ ಒತ್ತಿದ, ಮುಖ ನೋಡಲಿಲ್ಲ.

ಊರವರು ಇಳಿದು ಬಂದಾಗ ಅವಳು ನಡೆದದ್ದನ್ನೆಲ್ಲ ಒಂದೇ ಉಸಿರಿಗೆ ಹೇಳಿ, ತಪ್ಪಾಯ್ತು ಎಂದಳು. ಎಂಥ ತಪ್ಪು! ಫೆರ್ಡೊರಾ ಅವಳ ಹಣೆಗೆ ಮುತ್ತಿಟ್ಟ. "ಅಬ್ಬಾ, ಆ ಬಾಯಿ ನಲವತ್ತು ವರ್ಷಕ್ಕೆ ಒಂದ್ಸಲ ಕೆಲಸಕ್ಕೆ ಬಂತಲ್ಲಪ್ಪಾ!" ಎಂದಳು ಸೈವ್. ಎಲ್ಲರೂ ನಕ್ಕರು. ಗೊರ್ಮ್ಲಾಗೆ ಎದೆಯ ಮೇಲಿನ ಕಲ್ಲು ಇಳಿಸಿದಂತಾಯಿತು.

ಸೆಪ್ಟೆಂಬರ್ ಕೊನೆಗೆ ಕೋಟೆಯವನೊಬ್ಬ ಬಂದು ಕಾಗದ ಓದಿದ. ಡ್ರಮ್‌ಬ್ವೀಯ ನೆಲ ವಿಧವೆ ಗೊರ್ಮ್ಲಾಳದು. ಮಿಕ್ಕವರು ಅವಳು ಇರು ಎಂದರೆ ಇರತಕ್ಕದ್ದು, ಹೋಗು ಎಂದರೆ ಹೋಗತಕ್ಕದ್ದು. ಅದೇ ವಾರ ಪಕ್ಕದ ಊರಿನವರು ತಲೆಯ ಮೇಲೆ ಸಾಮಾನು ಹೊತ್ತು ಇದೇ ದಾರಿಯಲ್ಲಿ ಹಾದುಹೋದರು. ಅವರ ಊರು ಪುಸ್ತಕದಲ್ಲಿ ಪಾಳು ಆಗಿತ್ತು. ಡ್ರಮ್‌ಬ್ವೀಯವರು ಬಾಗಿಲುಗಳಲ್ಲಿ ನಿಂತು ನೋಡಿದರು.

ನವೆಂಬರ್ ಮೊದಲ ದಿನ, ಮುಂದಿನ ವರ್ಷದ ಹೊಲ ಹಂಚಿಕೊಳ್ಳಲು ಕಡ್ಡಿ ಎತ್ತುವ ದಿನ. ಹೊತ್ತೇರಿದರೂ ಯಾರೂ ಬರಲಿಲ್ಲ. ಗೊರ್ಮ್ಲಾ ಕುಂಟಿಕೊಂಡು ಆಚೆ ಬಂದು ನೋಡಿದರೆ ಎಲ್ಲರೂ ಅವಳ ಗೋಡೆಯ ಪಕ್ಕದಲ್ಲೇ ನಿಂತಿದ್ದಾರೆ. ಫೆರ್ಡೊರಾ ಟೋಪಿ ಕೈಯಲ್ಲಿ ಹಿಡಿದಿದ್ದ.

"ನೀನು ಬರ್ಲಿ ಅಂತ ಕಾಯ್ತಿದ್ವಿ," ಎಂದ ಆ ಎಂಬತ್ತರ ಮುದುಕ. "ಹೆಂಗೆ ಮಾಡಾಣ ಅಂತೀಯ?"

"ಹೆಂಗೆ ಅಂದ್ರೆ? ನಿಮ್ಮಪ್ಪ ಹೆಂಗೆ ಮಾಡ್ತಿದ್ನೋ ಹಂಗೆ! ಹಾಕಪ್ಪಾ ಕಡ್ಡಿ!"

ಗದರಿದಳು. ಹನ್ನೆರಡು ಹೊಲಕ್ಕೆ ಗುರುತು ಕೊರೆದ ಹನ್ನೆರಡು ಕಡ್ಡಿ ಟೋಪಿಗೆ ಬಿದ್ದವು. ಮೊದಲು ಕೈ ಹಾಕಲು ಯಾರೂ ಮುಂದೆ ಬರದಿದ್ದಾಗ ತಾನೇ ಹಾಕಿದಳು. ಬಂದದ್ದು ಜೌಗಿನ ಹೊಲ! ಸೊಂಟದವರೆಗೆ ನೀರು ನಿಲ್ಲುವ, ಕಪ್ಪೆ ಬಿಟ್ಟರೆ ಏನೂ ಬೆಳೆಯದ ಹೊಲ. ಅದು ಬಂದವರನ್ನು ಒಂದು ವರ್ಷ ಊರೆಲ್ಲ ಸೇರಿ ಆಡಿಕೊಳ್ಳುತ್ತಿತ್ತು.

ಗೊರ್ಮ್ಲಾಗೆ ಎಷ್ಟು ಸಂತೋಷವಾಯಿತೆಂದರೆ ಕಣ್ಣಲ್ಲಿ ನೀರು ಬಂತು. ಕಡ್ಡಿಯನ್ನು ಎತ್ತಿ ಹಿಡಿದು ಸೈವ್‌ಗೆ ತೋರಿಸಿದಳು.

"ನೋಡೇ, ಜೌಗು! ಅನ್ನೇ, ಏನಂತೀಯೋ ಅನ್ನು!"

ಸೈವ್‌ಳ ತುಟಿ ಅಲ್ಲಾಡಿತು. ಅವಳ ಹಿಂದೆ ಮಗ, ಸೊಸೆ, ಮೂರು ಮೊಮ್ಮಕ್ಕಳು ನಿಂತಿದ್ದರು. ಮುಂದೆ ಬಂದು, ಟೋಪಿಗೆ ಕೈ ಹಾಕಿ, ತನಗೆ ಬಂದ ಒಳ್ಳೆಯ ಹೊಲದ ಕಡ್ಡಿಯನ್ನು ಗೊರ್ಮ್ಲಾಳ ಅಂಗೈಯಲ್ಲಿಟ್ಟು, ಜೌಗಿನ ಕಡ್ಡಿಯನ್ನು ಮೆಲ್ಲಗೆ ಬಿಡಿಸಿಕೊಂಡಳು.

"ಮಂಡಿ ನೋವಲ್ಲಿ ನಿಮಗ್ಯಾಕೆ ಆ ನೀರು," ಎಂದಳು. "ಅದನ್ನ ನಾವು ಮಾಡ್ಕೋತೀವಿ ಬಿಡಿ."