ದುರಗವ್ವನ ಎರಡು ವಾಕ್ಯ

"ಅಕ್ಷರಾ ಕಲಸು ಅಂದ್ರ ಹೆಣಾ ಕೊಯ್ಯೂದು ಕಲಸಾಕತ್ತೀಯೇನ, ಹೊನ್ನವ್ವಾ?" ಗುಡದಪ್ಪ ಚಪ್ಪಲಿ ಮೆಟ್ಟಿಕೊಂಡೇ ಗುಡಿಯ ಕಟ್ಟೆ ಹತ್ತಿದ. "ಅಳಸು. ಅಳಸ್ತೀಯೋ, ಹಲಗಿ ಮುರೀಲೋ?"

"ಮುಟ್ಟಿ ನೋಡು," ಅಂದೆ. "ಮದಲ ಚಪ್ಪಲಿ ಬಿಡು. ಒಳಗ ದೇವರು ಕುಂತಾನ."

ಹೆಂಗಸರು ಪಾಟಿಗಳನ್ನು ಸೆರಗಿನೊಳಗೆ ಮುಚ್ಚಿಕೊಂಡರು. ಅವನ ಹೆಂಡತಿ ದುರಗವ್ವ ಮಾತ್ರ ಹಲಗೆಯ ಪಕ್ಕ ಸೀಮೆಸುಣ್ಣ ಹಿಡಿದು ನಿಂತೇ ಇದ್ದಳು.

ಸಾಕ್ಷರತಾ ಆಂದೋಲನ ಕುಪ್ಪೇಲೂರಿಗೆ ಬಂದ ವರ್ಷ ಅದು. ನಾನು ಏಳನೆಯ ಇಯತ್ತೆ ಪಾಸು. ಹೆಂಗಸರ ಮಧ್ಯಾಹ್ನದ ವರ್ಗ ನನಗೆ ಬಿತ್ತು. ಸರಕಾರ ಕೊಟ್ಟ ಪುಸ್ತಕದಲ್ಲಿ ಬರೀ ಸರ, ಗರಗಸ. ಮೊಮ್ಮಕ್ಕಳನ್ನು ಕಂಡವರಿಗೆ ಅದನ್ನೇನು ಕಲಿಸುವುದು? ಅವರಿಗೆ ಓದಲು ಬಂದ ಮೇಲೆ ದಿನಕ್ಕೊಂದು ಗೊತ್ತಿಲ್ಲದ ನಾಮಪದವನ್ನು ಪೇಪರಿನಿಂದ ಆರಿಸಿ ಬರೆಯುತ್ತಿದ್ದೆ. ಒಬ್ಬೊಬ್ಬರೂ ಎರಡು ಸ್ವಂತ ವಾಕ್ಯ ಮಾಡಬೇಕು.

ಅವತ್ತಿನ ಶಬ್ದ ಶವಪರೀಕ್ಷೆ. ನನಗೂ ಪೂರ್ತಿ ತಿಳಿದಿರಲಿಲ್ಲ, ಸುದ್ದಿಯನ್ನೇ ಓದಿ ಹೇಳಿದೆ. ಎಲ್ಲೋ ಒಂದು ಊರಿನಲ್ಲಿ ಹೂತ ಹೆಣವನ್ನು ತಿಂಗಳ ಮೇಲೆ ತೆಗೆಸಿ, ಹೇಗೆ ಸತ್ತದ್ದೆಂದು ಡಾಕ್ಟರು ಬರೆದುಕೊಟ್ಟಿದ್ದರಂತೆ.

"ನನ್ನ ಗಂಡ ಈ ಪರೀಕ್ಷಾದಾಗೂ ನಪಾಸ ಆಗ್ತಾನ ಬಿಡ್ರಿ," ಅಂದಳು ಮೈಲವ್ವ. ಎಲ್ಲರೂ ನಕ್ಕರು.

ದುರಗವ್ವ ನಗಲಿಲ್ಲ. "ಹುಗದದ್ದನ್ನೂ ತಗೀತಾರೇನ್ರಿ?" ಎಂದು ಎರಡು ಸಲ ಕೇಳಿದಳು. ಎದ್ದು ಬಂದು, ಒಂದೊಂದು ಅಕ್ಷರಕ್ಕೂ ತಡೆದು ತಡೆದು ಬರೆದಳು.

ಸಿದ್ದವ್ವಗ ಶವಪರೀಕ್ಷೆ ಆಗಲಿಲ್ಲ.

ಸಿದ್ದವ್ವಗ ಶವಪರೀಕ್ಷೆ ಆಗಬೇಕು.

ಸಿದ್ದವ್ವ ಅವಳ ಹಿರಿಯ ಮಗಳು. ಬ್ಯಾಡಗಿ ಕಡೆ ಕೊಟ್ಟಿದ್ದರು. ಹಾವು ಕಡಿದು ಸತ್ತಳೆಂದು ಬೀಗರು ಹೇಳಿಕಳಿಸಿ ಇಪ್ಪತ್ತು ದಿನವಾಗಿತ್ತು. ಇವರು ಆ ಊರು ಮುಟ್ಟುವ ಮೊದಲೇ ಹೆಣದ ಮೈ ತೊಳೆದು, ಮುತ್ತೈದೆಯೆಂದು ಕುತ್ತಿಗೆಗೆ ದಪ್ಪಗೆ ಅರಿಶಿಣ ಮೆತ್ತಿದ್ದರು. ದುರಗವ್ವ ಅದನ್ನು ಒರೆಸಿ ನೋಡಿದ್ದಳು. ಗುಡದಪ್ಪ ಅವಳ ರಟ್ಟೆ ಹಿಡಿದು ಎಳೆದಿದ್ದ. ಈಗ ಅಕ್ಕನ ಜಾಗಕ್ಕೆ ತಂಗಿ ಮರಿಯವ್ವನನ್ನು ಅದೇ ಅಳಿಯನಿಗೆ ಕೊಡುವುದೆಂದು ಮಾತಾಗಿತ್ತು. ಬರುವ ಸೋಮವಾರವೇ ಮದುವೆ. ಆ ಹುಡುಗಿಗೆ ಹದಿನಾರು.

ವಾಕ್ಯದ ಸುದ್ದಿ ಯಾರು ಮುಟ್ಟಿಸಿದರೋ, ಗುಡದಪ್ಪ ಹೊಲದಿಂದ ಹಾಗೇ ಓಡಿ ಬಂದಿದ್ದ.

"ಅಲ್ಲಿ ಸಿದ್ದವ್ವನ ಕೂಸು ಐತಿ," ಅಂದ ಹೆಂಡತಿಗೆ. "ಅದಕ್ಕ ತಾಯಿ ಬ್ಯಾಡೇನ?"

"ಇದ್ದ ತಾಯೀನ ಏನ ಮಾಡಿದ್ರು, ಕೇಳಿದಿ?"

"ಹಾವು ಕಡದೈತಿ ಅಂದ್ರಲ್ಲ!"

"ಹಾವಿಗೆ ಕೈಬೆರಳ ಇರ್ತಾವೇನ? ಕುತಗಿ ಮ್ಯಾಲೆ ಗುರುತ ಎಣಿಸೇನಿ ನಾ. ನೀನೂ ನೋಡಿದಿ."

ಗುಡದಪ್ಪ ನನ್ನ ಕಡೆ ತಿರುಗಿದ. "ಅಕ್ಕೋರ, ನಾಳೆ ಪೊಲೀಸರು ಬಂದ್ರ ಮದಲ ನಿಮ್ಮ ಹೆಸರ ಹೇಳ್ತೇನಿ. ಹೆಂಗಸರ ತಲಿ ಕೆಡಸಾಕತ್ತಾಳ ಅಂತ."

ನನ್ನ ಬಾಯಿಗೆ ಊರೇ ಹೆದರುತ್ತದೆ. ಆದರೆ ಪೊಲೀಸರು ಅಂದ ಕೂಡಲೇ ನನ್ನ ಕೈ ಹಲಗೆ ಒರೆಸುವ ಅರಿವೆಗೆ ಹೋಯಿತು. ಗುಡದಪ್ಪ ಅಳಿಸಲಿಲ್ಲ. ನಾನೇ ಎರಡೂ ವಾಕ್ಯ ಒರೆಸಿದೆ.

"ಅಳಸ್ರಿ ಅಕ್ಕೋರ," ಅಂದಳು ದುರಗವ್ವ. "ನನಗ ಬಾಯಿಪಾಠ ಆಗ್ಯಾವು."

ಕಟ್ಟೆ ಇಳಿದು ಮನೆಗೆ ಹೋದಳು. ರೊಟ್ಟಿ ಬಡಿಯುತ್ತಿದ್ದ ಮರಿಯವ್ವನನ್ನು ಹಿಟ್ಟಿನ ಕೈಯಲ್ಲೇ ಎಬ್ಬಿಸಿಕೊಂಡು ಹೊರಬಂದಳು. ಸ್ಟ್ಯಾಂಡಿನಲ್ಲಿ ರಾಣೆಬೆನ್ನೂರಿನ ಬಸ್ಸು ನಿಂತಿತ್ತು.

"ಎಲ್ಲಿಗೆ ಹೊಂಟಿ?" ಹಿಂದೆಯೇ ಬಂದ ಗುಡದಪ್ಪ ಕೂಗಿದ.

"ಬ್ಯಾಡಗಿ ಠಾಣೆಗೆ."

"ಹೋದಿ ಅಂದ್ರ ತಿರುಗಿ ಈ ಊರಾಗ ಕಾಲಿಡಬ್ಯಾಡ!"

ಮರಿಯವ್ವ ಒಮ್ಮೆ ತಿರುಗಿ ನೋಡಿದಳು. ದುರಗವ್ವ ಅವಳನ್ನು ಮುಂದೆ ದಬ್ಬಿ ತಾನೂ ಹತ್ತಿದಳು.

ಸಂಜೆ ಅದೇ ಬಸ್ಸು ತಿರುಗಿ ಬಂದಾಗ ಗುಡದಪ್ಪ ಸ್ಟ್ಯಾಂಡಿನಲ್ಲಿ ನಿಂತಿದ್ದ. ಸಂತೆಗೆ ಹೋದವರಷ್ಟೇ ಇಳಿದರು. ಸೋಮವಾರವೂ ಅವರಿಬ್ಬರೂ ಬರಲಿಲ್ಲ. ಆಮೇಲೆಯೂ ಬರಲಿಲ್ಲ.