ಇಸಾಬೆಲ್ ಆಡದ ನಾಟಕ

ಒಂದು ಕಾಲದಲ್ಲಿ ಮಾರೆಕ್ ವಿಲ್ಚೆಕ್‌ನ ನಾಟಕಗಳಿಗೆ ವಾರ್ಸಾದ ಜನ ಹಿಮದಲ್ಲಿ ಸಾಲುಗಟ್ಟಿ ನಿಲ್ಲುತ್ತಿದ್ದರು. ಮೂರು ಸಿನಿಮಾಗಳನ್ನೂ ಬರೆದಿದ್ದ. ೧೯೮೧ರ ಡಿಸೆಂಬರಿನಲ್ಲಿ ಪೋಲೆಂಡಿಗೆ ಸೇನಾಡಳಿತ ಬಂದು ರಂಗಮಂದಿರಗಳಿಗೆ ಬೀಗ ಬಿದ್ದಾಗ, ಅವನು ಆರು ವರ್ಷ ತಿದ್ದಿದ ನಾಟಕದ ಮೊದಲ ಪ್ರದರ್ಶನಕ್ಕೆ ನಾಲ್ಕೇ ದಿನ ಉಳಿದಿತ್ತು. ಆ ಸರ್ಕಾರ ಹೋಗಿ ಏನು ಬೇಕಾದರೂ ಬರೆಯಬಹುದು ಎಂದಾದಾಗ ಕೇಳುವವರಿರಲಿಲ್ಲ. "ಹಳೇ ಸಂಕಟ ಈಗ ಯಾರಿಗೆ ಬೇಕು?" ಎಂದು ರಂಗಮಂದಿರದವರೂ ಸಿನಿಮಾ ಸ್ಟುಡಿಯೋದವರೂ ಆ ನಾಟಕದ ಹಸ್ತಪ್ರತಿ ಮರಳಿಸಿದರು. ಹೆಂಡತಿ ತೀರಿಕೊಂಡ ಮೇಲೆ, ಕುವೈತಿನಲ್ಲಿ ಡಾಕ್ಟರಾಗಿದ್ದ ಮಗಳು ಅವನನ್ನು ಕರೆಸಿಕೊಂಡಳು.

ಅಲ್ಲಿ ವಾರದ ರಜೆಯಾದ ಶುಕ್ರವಾರದ ಪೂಜೆ ಮುಗಿದು ಚರ್ಚಿನ ಅಂಗಳದಲ್ಲಿ ನಿಂತಿದ್ದಾಗ ಡೋಲ್ಫಿಯ ಪರಿಚಯವಾಯಿತು. ಅಬು ಹಲೀಫಾ ಎಂಬ ಊರಿನ ಕಂಪನಿಯೊಂದರಲ್ಲಿ ಗುಮಾಸ್ತನಾಗಿದ್ದ ಈ ಮಂಗಳೂರಿನವ ವರ್ಷಕ್ಕೊಂದು ಕೊಂಕಣಿ ನಾಟಕ ಆಡಿಸುತ್ತಿದ್ದ. ಮಾರೆಕ್ ತನ್ನ ನಾಟಕದ ಕಥೆ ಹೇಳಿದ: ಸೈನಿಕರು ಹಿಡಿದ ಊರು, ಸೆರೆಯಲ್ಲಿರುವ ಗಂಡನಿಗೆ ದಿನವೂ ಊಟ ಒಯ್ಯುವ ಹೆಂಗಸು, ಗಂಡ ಸತ್ತು ತಿಂಗಳಾದರೂ ಊಟದ ಆಸೆಗೆ ಅದನ್ನು ಅವಳಿಗೆ ತಿಳಿಸದ ಕಾವಲುಗಾರ.

ಜೊತೆಗಿದ್ದ ಡೋಲ್ಫಿಯ ಹೆಂಡತಿ ಇಸಾಬೆಲ್ ಕಣ್ಣೊರೆಸಿಕೊಂಡಳು. "ತೊಂಬತ್ತರಲ್ಲಿ ಇರಾಕಿನವರು ಕುವೈತ್ ಹಿಡಿದಾಗ ನಾವು ಇಲ್ಲೇ ಇದ್ದದ್ದು ಸರ್. ಆ ಹೆಂಗಸಿನ ಪಾತ್ರ ನಾನೇ ಮಾಡ್ತೇನೆ."

ಮಾರೆಕ್ ಇಂಗ್ಲಿಷಿನಲ್ಲಿ ಹೇಳಿದ್ದನ್ನು ಡೋಲ್ಫಿ ಕೊಂಕಣಿಗೆ ತರಲು ಒಂದು ವರ್ಷ ಹಿಡಿಯಿತು. ಮಾರೆಕ್ ಒಂದು ತಾಲೀಮನ್ನೂ ತಪ್ಪಿಸಲಿಲ್ಲ. ಕೊಂಕಣಿ ತಿಳಿಯದಿದ್ದರೂ, ಇಸಾಬೆಲ್ ಎಲ್ಲಿ ಉಸಿರು ಹಿಡಿಯುತ್ತಾಳೆ ಎನ್ನುವುದರಿಂದಲೇ ತನ್ನ ಮಾತುಗಳ ಗುರುತು ಹಿಡಿಯುತ್ತಿದ್ದ. ಇಪ್ಪತ್ತೊಂದು ವರ್ಷಗಳಲ್ಲಿ ಮೊದಲ ಸಲ ಅವನಿಗೆ ಬೆಳಿಗ್ಗೆ ಬೇಗ ಏಳಬೇಕೆನಿಸಿತು.

ಪ್ರದರ್ಶನ ನಿಗದಿಯಾದದ್ದು ೨೦೦೩ರ ಮಾರ್ಚ್ ೨೧ಕ್ಕೆ. ಹಿಂದಿನ ದಿನ ಇರಾಕಿನಲ್ಲಿ ಯುದ್ಧ ಶುರುವಾಯಿತು. ಕುವೈತಿನಲ್ಲಿ ಸೈರನ್ ಕೂಗಿತು. ಡೋಲ್ಫಿ ಫೋನ್ ಮಾಡಿದ.

"ಹಾಲ್ ಬಂದ್ ಸರ್. ಇಸಾಬೆಲ್ ಮಕ್ಕಳನ್ನು ಕರ್ಕೊಂಡು ಊರಿಗೆ ಹೋಗ್ತಾಳೆ. ಎಂತ ಮಾಡುದು ಹೇಳಿ?"

"ಹೋಗಲಿ," ಎಂದ ಮಾರೆಕ್.

ಯುದ್ಧದ ಹೆದರಿಕೆ ಕಳೆದರೂ ಇಸಾಬೆಲ್ ಮರಳಲಿಲ್ಲ. ಮಕ್ಕಳನ್ನು ಮಂಗಳೂರಿನ ಶಾಲೆಗೇ ಸೇರಿಸಿದಳು. ಆ ಪಾತ್ರವನ್ನು ಬೇರೆಯವರಿಂದ ಮಾಡಿಸಬಹುದಲ್ಲ ಎಂದು ಮಾರೆಕ್ ಕೇಳಿದ. ಡೋಲ್ಫಿ ನೆಲ ನೋಡಿದ.

"ಬೇಜಾರು ಮಾಡ್ಬೇಡಿ ಸರ್. ಜನರಿಗೆ ಈಗ ನಗ್ಬೇಕಂತೆ. ನಮ್ಮ ಸಂಘದ ಕಮಿಟಿಯವರು ಕಾಮಿಡಿ ಕೇಳಿದ್ರು. ನಾನು ಬರೆದಾಯ್ತು."

ಆ ಕಾಮಿಡಿಗೂ ಮಾರೆಕ್ ಹೋದ. ಹಾಲ್ ತುಂಬಿತ್ತು. ಒಂದು ಮಾತೂ ಅರ್ಥವಾಗದೆ, ಜನ ನಕ್ಕಾಗಲೆಲ್ಲ ಅವರ ಮುಖ ನೋಡುತ್ತಾ ಕುಳಿತ. ವಿರಾಮದಲ್ಲಿ ಪಕ್ಕದವನು ಚಹಾ ತಂದುಕೊಟ್ಟು, ನೀವು ಏನು ಕೆಲಸ ಮಾಡುತ್ತೀರಿ ಎಂದು ವಿಚಾರಿಸಿದ.

ಮಾರೆಕ್ ಒಂದು ಗುಟುಕು ಚಹಾ ಕುಡಿದ.

"ಮಗಳ ಜೊತೆ ಇದ್ದೇನೆ," ಎಂದ.